ಅಮ್ಮನ ಸೋಡಿಯಂ 114ಕ್ಕೆ ಇಳಿದಿತ್ತು: ಉಪ್ಪು ಹೆಚ್ಚು ಕೊಡಬೇಕೋ, ನೀರು ಕಡಿಮೆ ಮಾಡಬೇಕೋ?

ಪ್ರಶ್ನೆ: ತೀರ್ಥಹಳ್ಳಿ ಕಡೆಯವಳು

ನಮ್ಮ ಮನೆ ತೀರ್ಥಹಳ್ಳಿಯಿಂದ ಆಗುಂಬೆಗೆ ಹೋಗುವ ದಾರಿಯಲ್ಲಿ, ರಸ್ತೆಯಿಂದ ಎರಡು ಕಿಲೋಮೀಟರ್ ಒಳಗೆ. ಅಮ್ಮನಿಗೆ 71 ವರ್ಷ. ರಕ್ತದೊತ್ತಡಕ್ಕೆ ಆರೇಳು ವರ್ಷಗಳಿಂದ ಒಂದು ಮಾತ್ರೆ ನಡೆಯುತ್ತಿತ್ತು. ಯುಗಾದಿ ಕಳೆದ ಮೇಲೆ ತೋರಿಸಿದಾಗ ಒತ್ತಡ 170 ಇದೆಯೆಂದು ಇನ್ನೊಂದು ಮಾತ್ರೆ ಸೇರಿಸಿದರು. ಚೀಟಿಯಲ್ಲಿ ಕ್ಲೋರ್‌ಥಾಲಿಡೋನ್ ಎಂದು ಬರೆದಿತ್ತು. ಅದು ಮೂತ್ರ ಹೆಚ್ಚಿಸುವ ಮಾತ್ರೆ ಎಂಬುದು ನನಗೆ ಆಮೇಲೆ ಗೊತ್ತಾಯಿತು. ಉಪ್ಪು ಬಿಡಿ, ಬಿಸಿಲು ಜೋರಾಗಿದೆ, ಚೆನ್ನಾಗಿ ನೀರು ಕುಡಿಯಿರಿ ಎಂದು ಹೇಳಿ ಕಳಿಸಿದರು.

ಅಮ್ಮ ಹೇಳಿದ್ದನ್ನು ಚಾಚೂ ತಪ್ಪದೆ ನಡೆಸುವವರು. ಅಪ್ಪೆಮಿಡಿಯ ಭರಣಿ ಅಂದೇ ಅಟ್ಟ ಸೇರಿತು. ಎರಡು ಹೊತ್ತೂ ಉಪ್ಪಿಲ್ಲದ ಗಂಜಿ. ನಡುನಡುವೆ ಜೀರಿಗೆ ಕಷಾಯ, ಬಾರ್ಲಿ ನೀರು, ನೀರು ಮಜ್ಜಿಗೆ. ಹದಿನೈದು ದಿನ ಕಳೆಯುವಷ್ಟರಲ್ಲಿ ಊಟ ಸೇರದಾಯಿತು, ತಲೆನೋವು ಶುರುವಾಯಿತು, ವಾಕರಿಕೆ ಬಂತು. ಪಿತ್ತ ಕೆರಳಿದೆ ಎಂದುಕೊಂಡು ಇನ್ನಷ್ಟು ಕಷಾಯ ಕೊಟ್ಟೆವು.

ಒಂದು ಸಂಜೆ ಅಮ್ಮ ಜಗಲಿಯಲ್ಲಿ ಕುಳಿತು ದೇವರ ದೀಪಕ್ಕೆ ಬತ್ತಿ ಹೊಸೆಯುತ್ತಿದ್ದರು. ಐವತ್ತು ವರ್ಷ ಹೊಸೆದ ಕೈ ಅದು. ಬಾಯಲ್ಲಿ ಮಾತು ನಡೆಯುತ್ತಿದ್ದರೂ ಕೈ ತನ್ನಷ್ಟಕ್ಕೆ ಬತ್ತಿ ಮಾಡಿ ತಟ್ಟೆಗೆ ಹಾಕುತ್ತದೆ. ಅಂದು ಒಂದೇ ಬತ್ತಿಯನ್ನು ಅಂಗೈಯಲ್ಲಿಟ್ಟು ತಿಕ್ಕುತ್ತಲೇ ಇದ್ದರು. ಹತ್ತಿ ಎಳೆಎಳೆಯಾಗಿ ಕಿತ್ತು ಮಡಿಲಿಗೆ ಉದುರಿದರೂ ಬರಿಯ ಅಂಗೈಗಳು ಒಂದರ ಮೇಲೊಂದು ಆಡುತ್ತಿದ್ದವು. "ಅಮ್ಮಾ" ಎಂದೆ. ತಲೆ ಎತ್ತಿ, ತೀರಿಕೊಂಡು ಹನ್ನೆರಡು ವರ್ಷವಾದ ಚಿಕ್ಕಮ್ಮನ ಹೆಸರಿನಿಂದ ನನ್ನನ್ನು ಕರೆದರು.

ಆ ರಾತ್ರಿ ಬಚ್ಚಲಿಗೆ ಹೋಗುವಾಗ ಬಿದ್ದರು. ಮೊದಲು ತೋರಿಸಿದ ಕಡೆ ರಕ್ತ ಪರೀಕ್ಷೆ ಮಾಡಿಸಲೇ ಇಲ್ಲ. ವಯಸ್ಸಾಯಿತಲ್ಲ, ಮರೆವಿನ ಕಾಯಿಲೆ ಶುರುವಾಗಿರಬೇಕು ಎಂದು ಟಾನಿಕ್ ಬರೆದುಕೊಟ್ಟರು. ಆ ಟಾನಿಕ್ಕನ್ನು ಮೂರು ದಿನ ನಾನೇ ಕೈಯಾರೆ ಕುಡಿಸಿದೆ ಎಂಬುದು ಇಂದಿಗೂ ನನ್ನನ್ನು ಚುಚ್ಚುತ್ತದೆ. ನಾಲ್ಕನೆಯ ದಿನ ಎಬ್ಬಿಸಿದರೂ ಕಣ್ಣು ಬಿಡಲಿಲ್ಲ. ಜೀಪು ಮಾಡಿಕೊಂಡು ಶಿವಮೊಗ್ಗಕ್ಕೆ ಹೊರಟೆವು. ಮಂಡಗದ್ದೆ ದಾಟುವವರೆಗೂ ಅಮ್ಮ ನನ್ನ ತೊಡೆಯ ಮೇಲೆ ತಲೆಯಿಟ್ಟು ಗೊರಕೆ ಹೊಡೆಯುತ್ತಿದ್ದರು. ಅದು ಅವರ ನಿದ್ದೆಯ ಗೊರಕೆ ಅಲ್ಲ ಎಂದು ನನಗೆ ಗೊತ್ತಾಗುತ್ತಿತ್ತು.

ರಕ್ತದಲ್ಲಿ ಸೋಡಿಯಂ 114 ಇತ್ತು. ಇರಬೇಕಾದದ್ದು 135ರಿಂದ 145. ಮೊದಲು ಒಂದು ಸಣ್ಣ ಬಾಟಲಿಯನ್ನು ಬೇಗನೆ ಹಾಕಿದರು, ಆಮೇಲೆ ಎಲ್ಲವೂ ಹನಿಹನಿ. ನಾಲ್ಕು ಗಂಟೆಗೊಮ್ಮೆ ರಕ್ತ ತೆಗೆಯುತ್ತಿದ್ದರು. ರಾತ್ರಿ ಮೂತ್ರದ ಚೀಲ ಬೇಗಬೇಗ ತುಂಬತೊಡಗಿತು. ಬೆಳಗಿನ ಜಾವದ ವರದಿಯಲ್ಲಿ 121 ಬಂದಾಗ ನಾನು ದೇವರಿಗೆ ಕೈ ಮುಗಿದೆ. ವೈದ್ಯರು ಮಾತ್ರ ಗಾಬರಿಯಿಂದ ಬಂದು ಸಲೈನ್ ನಿಲ್ಲಿಸಿ, ಸಕ್ಕರೆ ನೀರಿನ ಬಾಟಲಿ ತೂಗುಹಾಕಿಸಿದರು. ಉಪ್ಪು ಕಡಿಮೆಯಾದ ರೋಗಿಗೆ ಉಪ್ಪೇ ಇಲ್ಲದ ನೀರು ಏರಿಸುತ್ತೀರಲ್ಲ ಎಂದು ನಾನು ಜಗಳವಾಡಿದೆ. ಅವರು ತಾಳ್ಮೆಯಿಂದ ಏನೋ ವಿವರಿಸಿದರು, ನನ್ನ ತಲೆಗೆ ಹತ್ತಲಿಲ್ಲ.

ಆರನೆಯ ದಿನ 129 ಇದ್ದಾಗ ಮನೆಗೆ ಕಳಿಸಿದರು. ಈಗ ಮಾತು ಸ್ಪಷ್ಟವಾಗಿದೆ, ನನ್ನನ್ನು ನನ್ನ ಹೆಸರಿನಿಂದಲೇ ಕರೆಯುತ್ತಾರೆ. ಕ್ಲೋರ್‌ಥಾಲಿಡೋನ್ ನಿಲ್ಲಿಸಿದ್ದಾರೆ. ದಿನಕ್ಕೆ ಒಂದು ಲೀಟರಿಗಿಂತ ಹೆಚ್ಚು ದ್ರವ ಬೇಡ, ವಾರದ ನಂತರ ಮತ್ತೆ ಪರೀಕ್ಷೆ ಎಂದು ಬರೆದಿದ್ದಾರೆ. ಆದರೆ ನೋಡಲು ಬಂದವರೆಲ್ಲ ಒಂದೊಂದು ಹೇಳುತ್ತಾರೆ. ಭಾವ ಲೋಟದಲ್ಲಿ ಉಪ್ಪು ಕದಡಿ ಕುಡಿಸು ಎನ್ನುತ್ತಾರೆ. ಅತ್ತೆ ದಿನಕ್ಕೆ ಎರಡು ಎಳನೀರು ಎನ್ನುತ್ತಾರೆ. ಉಪ್ಪು ಕಡಿಮೆಯಾಗಿದ್ದರೆ ನೀರನ್ನೇಕೆ ಕಡಿಮೆ ಮಾಡಬೇಕು? ರಕ್ತದೊತ್ತಡ ಇರುವವರಿಗೆ ಉಪ್ಪು ಕೊಡಬಹುದೇ? ಆ ಬೆಳಗಿನ ಜಾವ ನಡೆದದ್ದು ಏನು? ತಿಳಿದವರು ದಯವಿಟ್ಟು ಹೇಳಿ.

ಉತ್ತರ 1: ನಿವೃತ್ತ ಶುಶ್ರೂಷಕಿ, ಶಿವಮೊಗ್ಗ

ತಂಗಿ, ಮೂವತ್ತೊಂದು ವರ್ಷ ವಾರ್ಡಿನಲ್ಲಿ ಕೆಲಸ ಮಾಡಿದವಳು ನಾನು. ಬೇಸಿಗೆ ಬಂತೆಂದರೆ ನಿಮ್ಮ ಅಮ್ಮನಂತಹ ಹಿರಿಯರು ಒಬ್ಬರ ಹಿಂದೊಬ್ಬರು ಬರುತ್ತಿದ್ದರು. ಟಾನಿಕ್ ಕುಡಿಸಿದ ಮೂರು ದಿನಗಳನ್ನು ನೀವು ಹೊತ್ತುಕೊಂಡು ಕೂರಬೇಡಿ. ವಯಸ್ಸಾದವರ ಮರೆವು ತಿಂಗಳುಗಟ್ಟಲೆ, ವರ್ಷಗಟ್ಟಲೆ ನಿಧಾನವಾಗಿ ಬರುತ್ತದೆ. ಹದಿನೈದು ದಿನದಲ್ಲಿ ಮನುಷ್ಯ ಬದಲಾದರೆ ಅದನ್ನು ವಯಸ್ಸಿನ ಮೇಲೆ ಹಾಕದೆ ರಕ್ತ ನೋಡಬೇಕು. ಅದನ್ನು ಗಮನಿಸಬೇಕಾದವರು ಮೇಜಿನ ಆಚೆ ಬದಿಯಲ್ಲಿ ಕುಳಿತಿದ್ದರು.

ಮೊದಲ ಪ್ರಶ್ನೆಗೆ ಬರುತ್ತೇನೆ. ವರದಿಯಲ್ಲಿ ಬರುವ ಆ 114, ದೇಹದಲ್ಲಿ ಒಟ್ಟು ಎಷ್ಟು ಉಪ್ಪಿದೆ ಎಂಬ ಲೆಕ್ಕವಲ್ಲ, ಒಂದು ಲೀಟರಿಗೆ ಎಷ್ಟಿದೆ ಎಂಬ ಲೆಕ್ಕ. ಐದು ಜನರಿಗೆ ತಿಳಿಸಾರು ಮಾಡಿದ್ದೀರಿ, ಹೊತ್ತಿಗೆ ಸರಿಯಾಗಿ ಮೂವರು ನೆಂಟರು ಬಂದರು, ಎರಡು ಚೊಂಬು ನೀರು ಸುರಿದಿರಿ. ಸಾರು ಸಪ್ಪೆಯಾಯಿತು. ಹಾಕಿದ ಉಪ್ಪಿನಲ್ಲಿ ಒಂದು ಹರಳೂ ಕಡಿಮೆಯಾಗಿಲ್ಲ. ಸೋಡಿಯಂ ಇಳಿದ ಹೆಚ್ಚಿನವರಲ್ಲಿ ನಡೆದಿರುವುದು ಇದೇ: ನೀರು ಒಳಗೆ ಉಳಿದುಬಿಟ್ಟಿದೆ.

ಹೆಚ್ಚಾದ ನೀರನ್ನು ಹೊರಹಾಕುವುದು ಮೂತ್ರಪಿಂಡದ ಕೆಲಸ. ನಿಮ್ಮ ಅಮ್ಮನಿಗೆ ಕೊಟ್ಟದ್ದು ಥಯಝೈಡ್ ಜಾತಿಗೆ ಸೇರಿದ ಮಾತ್ರೆ. ಮೂತ್ರಪಿಂಡದಲ್ಲಿ ಮೂತ್ರ ತಿಳಿಯಾಗುವ ಜಾಗವನ್ನೇ ಅದು ಕಟ್ಟಿಹಾಕುತ್ತದೆ. ಉಪ್ಪು ಹೊರಗೆ ಹೋಗುತ್ತದೆ, ಕುಡಿದ ನೀರು ಹೋಗಬೇಕಾದಷ್ಟು ಹೋಗುವುದಿಲ್ಲ. ಎಲ್ಲರಿಗೂ ಹೀಗಾಗುವುದಿಲ್ಲ. ಲಕ್ಷಾಂತರ ಜನರ ರಕ್ತದೊತ್ತಡವನ್ನು ಹಿಡಿದಿಟ್ಟಿರುವ ಒಳ್ಳೆಯ ಮಾತ್ರೆ ಅದು. ಆದರೆ ವಯಸ್ಸಾದ, ತೆಳ್ಳಗಿನ ಹೆಂಗಸರಲ್ಲಿ, ಅದೂ ಶುರುಮಾಡಿದ ಮೊದಲ ಕೆಲವು ವಾರಗಳಲ್ಲಿ, ಸೋಡಿಯಂ ಕುಸಿಯುವುದನ್ನು ನಾನು ಮತ್ತೆಮತ್ತೆ ಕಂಡಿದ್ದೇನೆ. ಶುರುಮಾಡಿದ ಒಂದೆರಡು ವಾರಕ್ಕೆ ಒಮ್ಮೆ ರಕ್ತ ಪರೀಕ್ಷೆ ಮಾಡಿಸಿ ಎಂದು ಚೀಟಿ ಬರೆಯುವಾಗಲೇ ಹೇಳಿದ್ದರೆ ಸಾಕಿತ್ತು.

ಗಂಜಿಯ ವಿಷಯಕ್ಕೆ ಬರೋಣ, ನಮ್ಮ ಮಲೆನಾಡಿನ ಮನೆಗಳಿಗೆ ಇದು ಗೊತ್ತಿರಬೇಕು. ಮೂತ್ರಪಿಂಡ ಬರಿಯ ನೀರನ್ನು ಹಾಗೆಯೇ ಚೆಲ್ಲಲಾರದು. ನೀರಿನ ಜೊತೆ ಹೋಗಲು ಉಪ್ಪು, ಯೂರಿಯಾ ಇಂತಹ ಸರಕು ಬೇಕು. ಯೂರಿಯಾ ಬರುವುದು ಬೇಳೆ, ಮೊಸರು, ಮೊಟ್ಟೆ, ಮೀನಿನ ಪ್ರೋಟೀನಿನಿಂದ. ಉಪ್ಪಿಲ್ಲದ ತೆಳ್ಳನೆಯ ಗಂಜಿ, ಅದರ ಮೇಲೆ ಬಾರ್ಲಿ ನೀರು ಎಂದರೆ ನೀರು ಒಳಗೆ ಬರುತ್ತಲೇ ಇರುತ್ತದೆ, ಹೊರಗೆ ಹೊತ್ತೊಯ್ಯುವ ಸರಕು ಇರುವುದಿಲ್ಲ. ಆದ್ದರಿಂದ ಈಗ ಅಮ್ಮನಿಗೆ ಬೇಕಾದದ್ದು ಗಟ್ಟಿ ಊಟ. ಅಕ್ಕಿರೊಟ್ಟಿ, ಕಡುಬು, ಗಟ್ಟಿ ಬೇಳೆ, ಹೆಸರುಕಾಳಿನ ಪಲ್ಯ, ಮನೆಯವರೆಲ್ಲರಿಗೆ ಹಾಕುವಷ್ಟೇ ಹದವಾದ ಉಪ್ಪು. ದಿನಕ್ಕೆ ಒಟ್ಟು ಒಂದು ಸಣ್ಣ ಚಮಚ, ಅಂದರೆ ಸುಮಾರು 5 ಗ್ರಾಂ, ಆರೋಗ್ಯವಂತ ವಯಸ್ಕರಿಗೆ ಹೇಳುವ ಮಿತಿ. ರಕ್ತದೊತ್ತಡ ಇರುವವರು ಅದನ್ನು ಮೀರದಿದ್ದರೆ ಸಾಕು, ಸೊನ್ನೆಗೆ ಇಳಿಸಬೇಕಿಲ್ಲ. ಇನ್ನೂ ಹೆಚ್ಚು ಬೇಕೋ ಬೇಡವೋ ಎಂಬುದನ್ನು ಅಮ್ಮನ ಒತ್ತಡ ನೋಡಿ ವೈದ್ಯರು ಹೇಳಲಿ, ಭಾವ ಬೇಡ. ಎಳನೀರಿನಲ್ಲಿ ಪೊಟ್ಯಾಸಿಯಂ ಹೆಚ್ಚು, ಸೋಡಿಯಂ ತೀರಾ ಕಡಿಮೆ. ಅದು ಕೂಡ ಲೆಕ್ಕಕ್ಕೆ ಸೇರುವ ನೀರೇ.

ಒಂದು ಲೀಟರನ್ನು ಕಣ್ಣಂದಾಜಿನಲ್ಲಿ ಹಿಡಿಯಲಾಗುವುದಿಲ್ಲ. ಬೆಳಿಗ್ಗೆ ಒಂದು ಲೀಟರ್ ಬಾಟಲಿಗೆ ನೀರು ತುಂಬಿಸಿ ಅಡುಗೆಮನೆಯಲ್ಲಿಡಿ. ಅಮ್ಮನಿಗೆ ಒಂದು ಲೋಟ ಕಾಫಿ ಕೊಟ್ಟರೆ ಅಷ್ಟೇ ನೀರನ್ನು ಆ ಬಾಟಲಿಯಿಂದ ಗಿಡಕ್ಕೆ ಚೆಲ್ಲಿ. ಮಜ್ಜಿಗೆ, ಸಾರು, ತಂಬುಳಿ, ಕಷಾಯ, ಮಾತ್ರೆ ನುಂಗಿದ ನೀರು, ಎಲ್ಲಕ್ಕೂ ಹಾಗೆಯೇ. ಬಾಟಲಿ ಬರಿದಾದರೆ ಆ ದಿನದ್ದು ಮುಗಿಯಿತು. ಬಾಯಿ ಒಣಗಿದರೆ ಒಂದು ಚೂರು ಮಂಜುಗಡ್ಡೆಯನ್ನೋ ನೆಲ್ಲಿಕಾಯಿ ಹೋಳನ್ನೋ ಬಾಯಲ್ಲಿಡಿ. ನನ್ನ ಅತ್ತೆಗೆ ನಾನೇ ಹೀಗೆ ಮೂರು ವಾರ ಮಾಡಿದ್ದೇನೆ.

ಇನ್ನು ಆ ಬೆಳಗಿನ ಜಾವ. ಸೋಡಿಯಂ ಇಳಿದಾಗ ನೀರು ಮಿದುಳಿನ ಕೋಶಗಳ ಒಳಗೆ ನುಗ್ಗಿ ಅವು ಊದಿಕೊಳ್ಳುತ್ತವೆ. ಸುತ್ತ ತಲೆಬುರುಡೆ ಇರುವುದರಿಂದ ಊದಲು ಜಾಗವಿಲ್ಲ. ವಾಕರಿಕೆ, ತಲೆನೋವು, ಮಂಕು, ಕೊನೆಗೆ ಫಿಟ್ಸ್ ಬರುವುದು ಅದರಿಂದ. ಆದರೆ ಎರಡು ದಿನ ಸಮಯ ಸಿಕ್ಕಿದರೆ ಕೋಶಗಳು ತಮ್ಮೊಳಗಿನ ಲವಣಗಳನ್ನು ಹೊರಹಾಕಿ, ಊತ ಇಳಿಸಿಕೊಂಡು ಆ ಸಪ್ಪೆ ರಕ್ತಕ್ಕೇ ಹೊಂದಿಕೊಳ್ಳುತ್ತವೆ. ಹೀಗೆ ಹೊಂದಿಕೊಂಡ ಮಿದುಳಿನ ಸುತ್ತ ರಕ್ತವನ್ನು ಒಮ್ಮೆಗೇ ಉಪ್ಪಾಗಿಸಿದರೆ ಕೋಶಗಳು ಮುರುಟಿಕೊಂಡು, ನರಗಳ ಮೇಲಿನ ಹೊದಿಕೆ ಹಾಳಾಗುತ್ತದೆ. ಹೆಚ್ಚಾಗಿ ಮಿದುಳಿನ ಕಾಂಡದಲ್ಲಿ ಆಗುತ್ತದೆ. ಕ್ರೂರವಾದ ಸಂಗತಿ ಎಂದರೆ ಅದು ತಕ್ಷಣ ಕಾಣಿಸುವುದಿಲ್ಲ. ರೋಗಿ ಚೇತರಿಸಿಕೊಂಡು ಎದ್ದು ಕುಳಿತು, ಎರಡರಿಂದ ಆರು ದಿನಗಳ ನಂತರ ಮಾತು ತೊದಲಲು, ನುಂಗಲು ಆಗದಿರಲು, ಕೈಕಾಲು ಬೀಳಲು ಶುರುವಾಗುತ್ತದೆ. ಅದಕ್ಕಾಗಿ 24 ಗಂಟೆಯಲ್ಲಿ ಸುಮಾರು 8ಕ್ಕಿಂತ ಹೆಚ್ಚು ಏರಬಾರದು ಎಂಬ ಕಟ್ಟುನಿಟ್ಟು. ಊಟ ಬಿಟ್ಟು ಸೊರಗಿದವರು, ಪೊಟ್ಯಾಸಿಯಂ ಕೂಡ ಇಳಿದವರು, ಕುಡಿತದವರು, ಯಕೃತ್ತಿನ ಕಾಯಿಲೆಯವರಲ್ಲಿ ಈ ಭಯ ಇನ್ನೂ ಹೆಚ್ಚು.

ನಿಮ್ಮ ಅಮ್ಮನಿಗೆ ಒಂದು ರಾತ್ರಿಯಲ್ಲೇ 7 ಏರಿತ್ತು. ಮಾತ್ರೆಯ ಹಿಡಿತ ಬಿಡುತ್ತಿದ್ದಂತೆ ಮೂತ್ರಪಿಂಡ ತಿಳಿನೀರನ್ನು ಧಾರಾಳವಾಗಿ ಬಿಡತೊಡಗಿತ್ತು. ಚೀಲ ತುಂಬುತ್ತಿದ್ದುದು ಅದಕ್ಕೇ. ಹಾಗೆಯೇ ಬಿಟ್ಟಿದ್ದರೆ ಸಂಜೆಗೆ ಮಿತಿ ಎಲ್ಲೋ ದಾಟುತ್ತಿತ್ತು. ಸಕ್ಕರೆ ನೀರಿನಲ್ಲಿರುವ ಸಕ್ಕರೆಯನ್ನು ದೇಹ ಬಳಸಿಕೊಳ್ಳುತ್ತದೆ, ಉಳಿಯುವುದು ನೀರು. ಹೊರಟುಹೋದ ನೀರಲ್ಲಿ ಸ್ವಲ್ಪವನ್ನು ಅವರು ಮರಳಿ ಕೊಟ್ಟರು. ನೀವು ಜಗಳವಾಡಿದ ಆ ವೈದ್ಯರು ಆ ಹೊತ್ತಿನಲ್ಲಿ ನಿಮ್ಮ ಅಮ್ಮನ ಮಾತನ್ನೂ ನಡಿಗೆಯನ್ನೂ ಕಾಯುತ್ತಿದ್ದರು. ಮುಂದಿನ ಬಾರಿ ಹೋದಾಗ ಅವರಿಗೆ ಒಂದು ಒಳ್ಳೆಯ ಮಾತು ಹೇಳಿ ಬನ್ನಿ.

ಉತ್ತರ 2: ಕೊಪ್ಪದಿಂದ ಒಬ್ಬ ಮಗ

ಅಕ್ಕ ಬರೆದದ್ದನ್ನು ಓದಿ ನನ್ನ ಅಪ್ಪನ ವಿಷಯ ಹೇಳಬೇಕೆನಿಸಿತು, ಏಕೆಂದರೆ ನಮ್ಮಲ್ಲಿ ಯಾವ ಮಾತ್ರೆಯೂ ಇರಲಿಲ್ಲ. ಅಪ್ಪನಿಗೆ 64, ಅಡಿಕೆ ಸುಲಿಯುವ ಕಾಲದಲ್ಲಿ ಎರಡು ತಿಂಗಳಿಂದ ಕೆಮ್ಮು. ಚಪ್ಪರದ ಧೂಳು ಎಂದು ಸುಮ್ಮನಿದ್ದೆವು. ಸುಸ್ತು ಹೆಚ್ಚಾಗಿ ತೋರಿಸಿದಾಗ ಸೋಡಿಯಂ 124. ಒಂದು ಕಡೆ ನಿರ್ಜಲೀಕರಣ ಎಂದು ಎರಡು ಬಾಟಲಿ ಸಾಧಾರಣ ಸಲೈನ್ ಏರಿಸಿದರು. ಮರುದಿನ 121! ಉಪ್ಪು ನೀರು ಕೊಟ್ಟರೆ ಉಪ್ಪು ಇಳಿಯುವುದು ಹೇಗೆ ಎಂದು ನಮಗೆ ದಿಕ್ಕೇ ತೋಚಲಿಲ್ಲ.

ಆಮೇಲೆ ನೋಡಿದ ವೈದ್ಯರು ಮೂತ್ರ ಪರೀಕ್ಷೆ, ಎದೆಯ ಕ್ಷಕಿರಣ, ಕಫ ಪರೀಕ್ಷೆ ಮಾಡಿಸಿದರು. ಕ್ಷಯ ಎಂದು ಗೊತ್ತಾಯಿತು. ಶ್ವಾಸಕೋಶದ ಕಾಯಿಲೆಯಿಂದಾಗಿ, ನೀರನ್ನು ಹಿಡಿದಿಡು ಎಂದು ಹೇಳುವ ಹಾರ್ಮೋನು ಬೇಡದ ಹೊತ್ತಿನಲ್ಲೂ ಸುರಿಯುತ್ತಿತ್ತಂತೆ. ಆಗ ಮೂತ್ರಪಿಂಡ ಸಲೈನಿನ ಉಪ್ಪನ್ನು ಗಟ್ಟಿ ಮೂತ್ರದಲ್ಲಿ ಹೊರಹಾಕಿ, ನೀರನ್ನು ಒಳಗೆ ಇಟ್ಟುಕೊಳ್ಳುತ್ತದೆ. ನೀರನ್ನು 800 ಮಿಲಿಲೀಟರಿಗೆ ಇಳಿಸಿದರು, ಕ್ಷಯದ ಔಷಧ ಶುರುವಾಯಿತು, ಅದು ಸರ್ಕಾರದಿಂದ ಉಚಿತ. ಐದು ವಾರದಲ್ಲಿ 136. ಆರು ತಿಂಗಳ ಔಷಧ ಮುಗಿಸಿ ಅಪ್ಪ ಈಗ ತೋಟಕ್ಕೆ ಹೋಗುತ್ತಾರೆ. ಸೋಡಿಯಂ ಇಳಿದಿದೆ ಎಂದರೆ ಏಕೆ ಎಂದು ಕೇಳದೆ ಬಾಟಲಿ ಹಾಕಿಸಿಕೊಳ್ಳಬೇಡಿ.

ಉತ್ತರ 3: ಸಾಗರದ ವೈದ್ಯ

ರೋಗಿಯನ್ನು ನೋಡದೆ ಚಿಕಿತ್ಸೆ ಹೇಳುವುದು ಸರಿಯಲ್ಲ, ಆದ್ದರಿಂದ ನಾವು ಹೇಗೆ ಯೋಚಿಸುತ್ತೇವೆ ಎಂಬುದನ್ನಷ್ಟೇ ಹೇಳುತ್ತೇನೆ. ಶುಶ್ರೂಷಕಿಯವರು ಬರೆದದ್ದರಲ್ಲಿ ತಿದ್ದುವಂಥದ್ದು ಏನೂ ಇಲ್ಲ.

ಮೊದಲು ಸಕ್ಕರೆ ನೋಡುತ್ತೇವೆ. ರಕ್ತದ ಸಕ್ಕರೆ ತುಂಬ ಏರಿದ್ದರೆ ಅದು ಕೋಶಗಳಿಂದ ನೀರು ಸೆಳೆದು ಸೋಡಿಯಂ ಸಂಖ್ಯೆಯನ್ನು ಇಳಿಸುತ್ತದೆ, 100 ಏರಿದರೆ ಸುಮಾರು 2ರಷ್ಟು. ನಂತರ ರಕ್ತದ ಸಾಂದ್ರತೆ, ಅಂದರೆ ಆಸ್ಮೊಲಾಲಿಟಿ. 275ಕ್ಕಿಂತ ಕಡಿಮೆಯಿದ್ದರೆ ರಕ್ತ ನಿಜವಾಗಿಯೂ ತೆಳುವಾಗಿದೆ. ಆಮೇಲೆ ಮೂತ್ರ. ಮೂತ್ರದ ಸಾಂದ್ರತೆ 100ನ್ನು ಮೀರಿದ್ದರೆ ನೀರನ್ನು ಬಿಡಬೇಕಾದ ಮೂತ್ರಪಿಂಡ ಹಿಡಿದುಕೊಂಡಿದೆ ಎಂದರ್ಥ. ಮೂತ್ರದ ಸೋಡಿಯಂ 30ಕ್ಕಿಂತ ಕಡಿಮೆಯಾದರೆ ದೇಹ ಉಪ್ಪಿಗಾಗಿ ಹಾತೊರೆಯುತ್ತಿದೆ: ವಾಂತಿಭೇದಿಯಿಂದ ಒಣಗಿರಬಹುದು, ಇಲ್ಲವೇ ಹೃದಯ ಅಥವಾ ಯಕೃತ್ತು ಸೋತು ಕಾಲು, ಹೊಟ್ಟೆ ಊದಿರಬಹುದು. 30ಕ್ಕಿಂತ ಹೆಚ್ಚಿದ್ದರೆ ಮಾತ್ರೆ, ಕೊಪ್ಪದವರು ಹೇಳಿದ ಹಾರ್ಮೋನು, ಅಡ್ರಿನಲ್ ಗ್ರಂಥಿಯ ಸೋಲು ಇವುಗಳ ಕಡೆ ನೋಡುತ್ತೇವೆ. ಥೈರಾಯ್ಡ್ ಮತ್ತು ಅಡ್ರಿನಲ್ ಹಾರ್ಮೋನಾದ ಕಾರ್ಟಿಸಾಲ್ ಪರೀಕ್ಷೆ ಅದಕ್ಕಾಗಿಯೇ. ಮೂತ್ರದ ಮಾದರಿಯನ್ನು ಸಲೈನ್ ಏರಿಸುವ ಮೊದಲೇ ತೆಗೆದಿಟ್ಟರೆ ಅರ್ಧ ಗೊಂದಲ ಅಲ್ಲೇ ಬಗೆಹರಿಯುತ್ತದೆ.

ಮನೆಯವರು ಮಾಡಬಹುದಾದ ದೊಡ್ಡ ಉಪಕಾರ ಒಂದಿದೆ: ರೋಗಿ ನುಂಗುವ ಎಲ್ಲ ಮಾತ್ರೆಗಳ ಖಾಲಿ ಸ್ಟ್ರಿಪ್‌ಗಳನ್ನೂ ಒಂದು ಚೀಲದಲ್ಲಿ ಹಾಕಿಕೊಂಡು ಬನ್ನಿ. ಖಿನ್ನತೆಗೆ ಕೊಡುವ ಎಸಿಟಲೋಪ್ರಾಂ, ಸರ್ಟ್ರಲಿನ್, ಫಿಟ್ಸ್‌ಗೆ ಕೊಡುವ ಕಾರ್ಬಮಜೆಪಿನ್, ಆಕ್ಸ್‌ಕಾರ್ಬಜೆಪಿನ್ ಸಹ ಸೋಡಿಯಂ ಇಳಿಸಬಲ್ಲವು. ಹಾಗೆಂದು ಹೆದರಿ ಅವನ್ನು ನೀವಾಗಿಯೇ ನಿಲ್ಲಿಸಬೇಡಿ, ಫಿಟ್ಸ್ ಮಾತ್ರೆಯನ್ನಂತೂ ಬೇಡವೇ ಬೇಡ.

ಕಾರಣ ಬೇರೆಯಾದರೆ ಚಿಕಿತ್ಸೆ ತಲೆಕೆಳಗಾಗುತ್ತದೆ. ವಾಂತಿಭೇದಿಯವರಿಗೆ ಸಾಧಾರಣ ಸಲೈನೇ ಮದ್ದು. ಹೃದಯ ಸೋತವರಿಗೆ ನೀರೂ ಉಪ್ಪೂ ಎರಡೂ ಕಡಿಮೆ. ಪಕ್ಕದ ಮನೆಯವರಿಗೆ ಹೇಳಿದ ಸಲಹೆ ನಿಮ್ಮ ಮನೆಯಲ್ಲಿ ಕೇಡು ಮಾಡಬಹುದು.

ಫಿಟ್ಸ್ ಬಂದರೆ ಅಥವಾ ಪ್ರಜ್ಞೆ ಮಸುಕಾದರೆ ಕಾರಣ ಹುಡುಕುತ್ತ ಕೂರುವುದಿಲ್ಲ. ಶೇಕಡಾ 3ರ ಗಟ್ಟಿ ಸಲೈನನ್ನು 100ರಿಂದ 150 ಮಿಲಿಲೀಟರ್, ಹತ್ತಿಪ್ಪತ್ತು ನಿಮಿಷದಲ್ಲಿ ಕೊಡುತ್ತೇವೆ. ಸೋಡಿಯಂ ನಾಲ್ಕರಿಂದ ಆರು ಏರಿದರೆ ಸಾಕು, ಮಿದುಳಿನ ಊತ ತಗ್ಗುತ್ತದೆ. ನಿಮ್ಮ ಅಮ್ಮನಿಗೆ ಬೇಗನೆ ಹಾಕಿದ ಆ ಮೊದಲ ಸಣ್ಣ ಬಾಟಲಿ ಅದೇ ಇರಬೇಕು. ಮಂಪರಿನಲ್ಲಿರುವವರ ಬಾಯಿಗೆ ಉಪ್ಪು ನೀರು ಹೊಯ್ಯಬೇಡಿ, ಅದು ಶ್ವಾಸಕೋಶಕ್ಕೆ ಹೋಗುತ್ತದೆ. ಪಕ್ಕಕ್ಕೆ ಮಲಗಿಸಿ 108ಕ್ಕೆ ಕರೆ ಮಾಡಿ.

ಥಯಝೈಡ್‌ನಿಂದ ಒಮ್ಮೆ ಹೀಗಾದವರಿಗೆ ಆ ಜಾತಿಯ ಮಾತ್ರೆ ಮತ್ತೆ ಕೊಡಬಾರದು. ಹೈಡ್ರೋಕ್ಲೋರೋಥಯಝೈಡ್, ಇಂಡಪಮೈಡ್ ಕೂಡ ಅದೇ ಬಳಗ. ರಕ್ತದೊತ್ತಡದ ಎಷ್ಟೋ ಜೋಡಿ ಮಾತ್ರೆಗಳಲ್ಲಿ ಇವು ಎರಡನೆಯ ಹೆಸರಾಗಿ ಸೇರಿಕೊಂಡಿರುತ್ತವೆ. ಕಡತದ ಮೊದಲ ಪುಟದಲ್ಲೇ ಬರೆದಿಡಿ.

ಪ್ರಶ್ನೆ ಕೇಳಿದವಳ ಮರುಮಾತು, ಮೂರು ವಾರದ ನಂತರ

ಮೂವರಿಗೂ ಕೈ ಮುಗಿಯುತ್ತೇನೆ. ವಾರದ ನಂತರ 133 ಬಂತು, ಮೊನ್ನೆ 137. ನೀರಿನ ಮಿತಿ ತೆಗೆದಿದ್ದಾರೆ. ಬಾಯಾರಿಕೆಯಾದಷ್ಟು ಕುಡಿಯಲಿ, ಯಾರೂ ಒತ್ತಾಯ ಮಾಡಿ ಕುಡಿಸಬೇಡಿ ಎಂದರು. ರಕ್ತದೊತ್ತಡಕ್ಕೆ ಹಳೆಯ ಮಾತ್ರೆಯ ಪ್ರಮಾಣವನ್ನೇ ಹೆಚ್ಚಿಸಿದ್ದಾರೆ, ಈಗ 142 ಇದೆ.

ಬಾಟಲಿಯ ಉಪಾಯ ತುಂಬ ಕೆಲಸಕ್ಕೆ ಬಂತು. ಮೊದಲ ದಿನ ಲೆಕ್ಕ ಹಾಕಿದಾಗಲೇ ಗೊತ್ತಾಯಿತು, ಹಿಂದೆ ನಾವು ಮಧ್ಯಾಹ್ನದೊಳಗೇ ಅಮ್ಮನಿಗೆ ಒಂದೂವರೆ ಲೀಟರ್ ಕುಡಿಸುತ್ತಿದ್ದೆವು. ಚೆಲ್ಲಿದ ನೀರೆಲ್ಲ ಅಂಗಳದ ದಾಸವಾಳಕ್ಕೆ ಹೋಯಿತು. ಕಡತದ ಮೊದಲ ಪುಟದಲ್ಲಿ ಆ ನಾಲ್ಕೂ ಹೆಸರುಗಳನ್ನು, ಬಳಗದ ಹೆಸರು ಸೇರಿಸಿ, ಕೆಂಪು ಶಾಯಿಯಲ್ಲಿ ಬರೆದಿದ್ದೇನೆ. ಔಷಧದಂಗಡಿಯವರಿಗೂ ತೋರಿಸಿ ಬಂದೆ.

ವೈದ್ಯರನ್ನು ಕಂಡು ಅಂದು ಜಗಳವಾಡಿದ್ದಕ್ಕೆ ಕ್ಷಮೆ ಕೇಳಿದೆ. ಅವರು ಅದಕ್ಕೆ ಏನೂ ಹೇಳಲಿಲ್ಲ, ಅಮ್ಮನಿಗೆ ಎರಡು ಕೈ ಚಾಚಿ ನಿಲ್ಲಲು, ನೆಟ್ಟಗೆ ಹತ್ತು ಹೆಜ್ಜೆ ನಡೆಯಲು ಹೇಳಿ ನೋಡುತ್ತ ನಿಂತರು. ಅಮ್ಮ ನಡೆದರು.

ಮುಂದಿನ ಪರೀಕ್ಷೆ ಒಂದು ತಿಂಗಳ ನಂತರ. ಅಷ್ಟರಲ್ಲಿ ಆಗುಂಬೆ ಕಡೆ ಮಳೆ ಹಿಡಿದಿರುತ್ತದೆ, ನಮ್ಮ ಒಳರಸ್ತೆಯಲ್ಲಿ ಜೀಪು ಬರುವುದು ಕಷ್ಟ. ಹಾಗಾಗಿ ಒಂದು ವಾರ ಮೊದಲೇ ತೀರ್ಥಹಳ್ಳಿಯಲ್ಲಿ ರಕ್ತ ಕೊಟ್ಟು ಬರಲು ಒಪ್ಪಿಸಿದ್ದೇನೆ. ಅಮ್ಮ ಅಟ್ಟದಿಂದ ಭರಣಿ ಇಳಿಸಿಕೊಂಡಿದ್ದಾರೆ. ಊಟಕ್ಕೆ ಒಂದೇ ಮಿಡಿ ಎಂದು ನಮ್ಮಿಬ್ಬರಿಗೆ ಒಪ್ಪಂದವಾಗಿದೆ.